ಹೂದೋಟಗಳ ಶಿಲ್ಪಿ ಕ್ರುಂಬಿಗಲ್

ಕೊಪ್ಪಳ, ಗಂಗಾವತಿ, ಕುಷ್ಟಗಿ, ಯಲಬುರ್ಗಾಗಳ ಬಿಸಿಲುನಾಡಿನಲ್ಲಿ ಗಿಡಕ್ಕೆ ನೆರಳನ್ನೂ ನೀರನ್ನೂ ಒದಗಿಸುವುದೇ ತೋಟಗಾರನ ಚಿಂತೆ. ಹಿಮ ಸುರಿಯುವ ಯುರೋಪಿನಲ್ಲಾದರೋ ಚಳಿಯಿಂದ ಗಿಡವನ್ನು ಕಾಪಾಡುವುದೇ ದೊಡ್ಡ ಕೆಲಸ. ಅಲ್ಲಿನ ತೋಟಗಾರರು ಲಿಲ್ಲಿಯ ಗಡ್ಡೆಗಳನ್ನು ಕುಂಡಗಳಲ್ಲಿ ನೆಟ್ಟು, ಬೇರೊಡೆಯುವವರೆಗೆ ತಂಪಿನಲ್ಲಿರಿಸಿ, ಬಳಿಕ ಬೆಚ್ಚನೆಯ ಗಾಜಿನ ಮನೆಗೆ ಸಾಗಿಸಿ ಹೂ ಬಿಡಿಸುತ್ತಾರೆ. ಅಂತಹ ಶೀತದೇಶದಲ್ಲಿ ತೋಟಗಾರಿಕೆಯನ್ನು ಕಲಿತು ಕನ್ನಡ ನಾಡಿಗೆ ಬಂದವರು ಗುಸ್ತಾವ್ ಹರ್ಮನ್ ಕ್ರುಂಬಿಗಲ್.

ಅವರು 1865ರಲ್ಲಿ ಜರ್ಮನಿಯ ಡ್ರೆಸ್ಡೆನ್ ನಗರದ ಬಳಿ ಜನಿಸಿದರು. ತಾಯ್ನಾಡಿನಲ್ಲಿ ಶಿಕ್ಷಣ ಪಡೆದು, ಲಂಡನ್ನಿನ ಹೈಡ್ ಪಾರ್ಕಿನಲ್ಲಿಯೂ ಗಾಜಿನ ಮನೆಗಳಿಗೆ ಹೆಸರಾದ ಕ್ಯೂ ಉದ್ಯಾನದಲ್ಲಿಯೂ ದುಡಿದರು. 1893ರಲ್ಲಿ ಬರೋಡ ಸಂಸ್ಥಾನದ ಉದ್ಯಾನಗಳ ಹೊಣೆ ಹೊತ್ತರು. 1908ರಲ್ಲಿ ನಾಲ್ವಡಿ ಕೃಷ್ಣರಾಜ ಒಡೆಯರ ಕರೆಯ ಮೇರೆಗೆ ಬೆಂಗಳೂರಿನ ಲಾಲ್‌ಬಾಗಿಗೆ ಬಂದರು.

ಲಾಲ್‌ಬಾಗಿನಲ್ಲಿ ಅದಾಗಲೇ ಗಾಜಿನ ಮನೆಯಿತ್ತು. ಆದರೆ ಬೆಂಗಳೂರಿನ ಹಿತವಾದ ಹವೆಯಲ್ಲಿ ವರ್ಷವಿಡೀ ಬಯಲಿನಲ್ಲಿಯೇ ಹೂ ಅರಳಬಲ್ಲುದು. ಇದನ್ನರಿತ ಕ್ರುಂಬಿಗಲ್ಲರು ಒಂದು ಜಾತಿಯ ಮರ ಹೂ ಮುಗಿಸುವ ವೇಳೆಗೆ ಮತ್ತೊಂದು ಅರಳುವಂತೆ ಬೀದಿಗಳಲ್ಲಿ ಸಾಲುಮರಗಳನ್ನು ಬೆಳೆಸಿದರು. ಕನ್ನಂಬಾಡಿಯ ಬೃಂದಾವನ ಉದ್ಯಾನದ ರಚನೆಯಲ್ಲಿಯೂ ಅವರ ಕೈವಾಡವಿತ್ತು.

1932ರಲ್ಲಿ ನಿವೃತ್ತರಾದರೂ ಅವರು ಈ ನಾಡನ್ನು ತೊರೆಯಲಿಲ್ಲ. ಎರಡನೆಯ ಮಹಾಯುದ್ಧದ ಕಾಲದಲ್ಲಿ, ಜರ್ಮನಿಯವರೆಂಬ ಒಂದೇ ಕಾರಣಕ್ಕೆ, ಬ್ರಿಟಿಷರ ಬಂಧನವನ್ನು ಅನುಭವಿಸಬೇಕಾಯಿತು. ಆದರೂ ನಾಡಿನ ಮೇಲಿನ ಅವರ ಮಮತೆ ಬಾಡಲಿಲ್ಲ. 1956ರಲ್ಲಿ ಬೆಂಗಳೂರಿನಲ್ಲಿಯೇ ಅವರು ಕೊನೆಯುಸಿರೆಳೆದರು. ಹುಟ್ಟಿದ ನೆಲ ಯಾವುದೇ ಆಗಿರಲಿ, ದುಡಿದ ನೆಲವನ್ನೇ ತಮ್ಮದೆಂದು ಬಾಳಿದ ಕರ್ಮಯೋಗಿ ಅವರು.