ಗಿರಣಿಯವನ ಮಗ ಪಲ್ಲಾಡಿಯೋ

ಇಟಲಿಯ ಪುನರುಜ್ಜೀವನ ಕಾಲ ಅಂದಕೂಡಲೇ ನಾವೆಲ್ಲ ಲಿಯೊನಾರ್ಡೊ, ಮೈಕೆಲೇಂಜೆಲೊ ಅಂತ ಹೆಸರು ಹೇಳಿ ಸುಮ್ಮನಾಗುತ್ತೇವೆ. ಅದೇ ಕಾಲದ ಆಂಡ್ರಿಯಾ ಪಲ್ಲಾಡಿಯೋ ಎಂಬ ವಾಸ್ತುಶಿಲ್ಪಿಯ ಹೆಸರು ನಮ್ಮ ಸಂಘದ ಮಿತ್ರರಲ್ಲಿ ಎಷ್ಟು ಜನ ಕೇಳಿದ್ದಾರೋ ಕಾಣೆ. ನಾನು ಕಾಮರ್ಸ್ ಓದುವವನು, ಕಟ್ಟಡಕ್ಕೂ ನನಗೂ ಏನು ಸಂಬಂಧ ಅಂತ ನೀವು ಕೇಳಬಹುದು. ಆದರೆ ಈತನ ಬದುಕನ್ನು ಓದಿದ ಮೇಲೆ ಇದನ್ನು ಕನ್ನಡದಲ್ಲಿ ಓದಿ ಬಂದ ನಮ್ಮಂಥವರಿಗೆ ಹೇಳಲೇಬೇಕು ಅನ್ನಿಸಿತು. ಯಾಕೆ ಅನ್ನೋದು ಮುಂದೆ ತಾನೇ ತಿಳಿಯುತ್ತದೆ.

1508ರ ನವೆಂಬರ್ 30ರಂದು ವೆನಿಸ್ ಗಣರಾಜ್ಯಕ್ಕೆ ಸೇರಿದ ಪಡುವಾ ಎಂಬ ಊರಿನಲ್ಲಿ ಈತ ಹುಟ್ಟಿದ. ತಂದೆ ಪಿಯೆತ್ರೊ ಗಿರಣಿ ಕೆಲಸದವನು. ಆ ದಿನ ಸಂತ ಆಂಡ್ರಿಯಾನ ಹಬ್ಬ, ಅದಕ್ಕೇ ಮಗುವಿಗೆ ಆಂಡ್ರಿಯಾ ಅಂತ ಹೆಸರು. ಪಲ್ಲಾಡಿಯೋ ಎಂಬುದು ಹುಟ್ಟುಹೆಸರಲ್ಲ, ಬಹಳ ತಡವಾಗಿ ಬಂದದ್ದು. ಹದಿಮೂರನೇ ವಯಸ್ಸಿಗೆ, ಅಂದರೆ 1521ರಲ್ಲಿ, ಹುಡುಗನನ್ನು ಬಾರ್ತೊಲೊಮಿಯೊ ಕವಾತ್ಸಾ ಎಂಬ ಕಲ್ಲುಕುಟಿಗನ ಹತ್ತಿರ ಆರು ವರ್ಷದ ಕರಾರಿನ ಮೇಲೆ ಕೆಲಸಕ್ಕೆ ಬಿಟ್ಟರು. 1523ರಲ್ಲಿ ಹುಡುಗ ಅಲ್ಲಿಂದ ಹತ್ತಿರದ ವಿಚೆಂತ್ಸಾ ಊರಿಗೆ ಓಡಿಹೋದ. ನಮ್ಮ ಮರ್ಕೆಂಟೈಲ್ ಲಾ ಪುಸ್ತಕದ ಪ್ರಕಾರ ಇದು ಶುದ್ಧ ಕರಾರು ಭಂಗ! ಒಡೆಯ ಬಿಡಲಿಲ್ಲ, ವಾಪಸು ಬರಬೇಕಾಯಿತು. ಆದರೆ 1524ರ ಹೊತ್ತಿಗೆ ವಿಚೆಂತ್ಸಾಕ್ಕೇ ಹೋಗಿ ಅಲ್ಲಿನ ಗೌಂಡಿಗಳ ಮತ್ತು ಕಲ್ಲುಕುಟಿಗರ ಸಂಘದಲ್ಲಿ ಹೆಸರು ಬರೆಸಿದ. ಮುಂದೆ ಅದೇ ಅವನ ಊರಾಯಿತು.

ಅಲ್ಲಿಂದ ಹದಿಮೂರು, ಹದಿನಾಲ್ಕು ವರ್ಷ ಉಳಿ ಸುತ್ತಿಗೆಯ ಕೆಲಸವೇ. ಬಾಗಿಲ ಚೌಕಟ್ಟು, ಕಂಬದ ತಲೆ, ಸಮಾಧಿಯ ಕಲ್ಲು ಕೆತ್ತುವ ಕೆಲಸಗಾರರಲ್ಲಿ ಒಬ್ಬ. 1534ರಲ್ಲಿ ಒಬ್ಬ ಬಡಗಿಯ ಮಗಳು ಅಲ್ಲೆಗ್ರಾದೊನ್ನಾಳ ಜೊತೆ ಮದುವೆಯಾಯಿತು, ಐದು ಮಕ್ಕಳಾದವು. ಮೂವತ್ತರ ಹತ್ತಿರ ಬಂದ ಸಂಸಾರಸ್ಥ ಕೂಲಿಕಾರ. ಇನ್ನು ಈತನ ಜೀವನ ಇಷ್ಟೇ ಅಂತ ಯಾರಾದರೂ ಹೇಳಿದ್ದರೆ ತಪ್ಪಿರಲಿಲ್ಲ.

ಆ ಹೊತ್ತಿಗೆ ಜಾನ್ ಜಾರ್ಜೊ ತ್ರಿಸ್ಸಿನೊ ಎಂಬ ಶ್ರೀಮಂತ ಪಂಡಿತ, ಕವಿ, ಊರ ಹೊರಗೆ ಕ್ರಿಕೊಲಿಯಲ್ಲಿದ್ದ ತನ್ನ ಮನೆಯನ್ನು ಹೊಸದಾಗಿ ಕಟ್ಟಿಸುತ್ತಿದ್ದ. ಅವನ ಕಣ್ಣು ಈ ಕಲ್ಲುಕುಟಿಗನ ಮೇಲೆ ಬಿತ್ತು. ತ್ರಿಸ್ಸಿನೊ ಸಾಮಾನ್ಯನಲ್ಲ. ಇಟಾಲಿಯನ್ ಉಚ್ಚಾರಣೆ ಸರಿಯಾಗಿ ಬರೆಯಲು ಕೆಲವು ಗ್ರೀಕ್ ಅಕ್ಷರಗಳನ್ನು ಸೇರಿಸಿಕೊಳ್ಳಬೇಕು ಅಂತ ವಾದ ಹೂಡಿದ ಮನುಷ್ಯ. ಅವನು ಆಂಡ್ರಿಯಾನಿಗೆ ಪ್ರಾಚೀನ ರೋಮಿನ ವಾಸ್ತುಗ್ರಂಥಕಾರ ವಿಟ್ರೂವಿಯಸ್‌ನನ್ನು ಪರಿಚಯಿಸಿದ, ಪಲ್ಲಾಡಿಯೋ ಎಂಬ ಹೆಸರು ಕೊಟ್ಟ, 1541ರಲ್ಲಿ ರೋಮಿಗೆ ಕರೆದುಕೊಂಡು ಹೋದ.

ರೋಮಿಗೆ ಪಲ್ಲಾಡಿಯೋ ಒಂದು ಸಲವಲ್ಲ, ಹಲವು ಸಲ ಹೋಗಿಬಂದ. ಅಲ್ಲಿ ಬಿದ್ದ ದೇವಾಲಯ, ಸ್ನಾನಗೃಹ, ವಿಜಯದ್ವಾರಗಳನ್ನು ಅಳತೆಪಟ್ಟಿ ಹಿಡಿದು ಅಳೆದ. ಕಂಬ ಎಷ್ಟು ದಪ್ಪ, ಎಷ್ಟು ಎತ್ತರ, ಎರಡು ಕಂಬದ ನಡುವೆ ಎಷ್ಟು ಜಾಗ, ಎಲ್ಲವನ್ನೂ ಚಿತ್ರ ಬರೆದು ಪಕ್ಕದಲ್ಲಿ ಅಂಕೆ ಹಾಕಿಕೊಂಡ. ಪಂಡಿತರಿಗೆ ರೋಮ್ ಅಂದರೆ ಓದಿದ ಪುಸ್ತಕ. ಇವನಿಗೋ ಕೈಯಲ್ಲಿ ಮುಟ್ಟಿ ನೋಡಿದ ಕಲ್ಲು. ಕಲ್ಲು ಕೆತ್ತಿ ಗೊತ್ತಿದ್ದವನಿಗೆ ಕಲ್ಲು ಹೇಳುವುದು ಬೇಗ ತಿಳಿಯುತ್ತದೆ ಅಂತ ನನಗನ್ನಿಸುತ್ತದೆ.

ಅವನಿಗೆ ಹೆಸರು ತಂದ ಕೆಲಸ ವಿಚೆಂತ್ಸಾದ ಹಳೆಯ ಸಭಾಭವನದ್ದು. ಅದರ ಸುತ್ತಲಿನ ಕಮಾನುಸಾಲಿನ ಒಂದು ಭಾಗ 1496ರಲ್ಲಿ ಕುಸಿದಿತ್ತು. ಊರಿನ ಮಂಡಳಿ ಸನ್ಸೊವಿನೊ, ಸೆರ್ಲಿಯೊ, ಜೂಲಿಯೊ ರೊಮಾನೊ ಮುಂತಾದ ದೊಡ್ಡ ದೊಡ್ಡವರನ್ನೆಲ್ಲ ಕೇಳಿಯಾಗಿತ್ತು. ಕೊನೆಗೆ 1549ರಲ್ಲಿ ಒಪ್ಪಿದ್ದು ಸ್ಥಳೀಯ ಕಲ್ಲುಕುಟಿಗನ ನಕ್ಷೆಯನ್ನು. ಸಂಬಳ ತಿಂಗಳಿಗೆ ಐದು ಡುಕಾಟ್. ಅಲ್ಲಿದ್ದ ತೊಡಕು ಏನೆಂದರೆ, ಹಳೆಯ ಕಟ್ಟಡದ ಅಂಕಣಗಳು ಒಂದೇ ಅಳತೆಯಲ್ಲಿ ಇರಲಿಲ್ಲ, ಒಂದು ಅಗಲ, ಒಂದು ಕಿರಿದು. ಎಲ್ಲದಕ್ಕೂ ಒಂದೇ ಥರದ ಕಮಾನು ಕೂಡಿಸುವುದು ಹೇಗೆ? ಪಲ್ಲಾಡಿಯೋ ಪ್ರತಿ ಅಂಕಣದ ನಡುವೆ ಒಂದೇ ಅಳತೆಯ ಕಮಾನು ಇಟ್ಟು, ಅದರ ಎಡಬಲಕ್ಕೆ ಜೋಡಿ ಕಂಬ ನಿಲ್ಲಿಸಿ, ಆಚೆ ಈಚೆ ಚಪ್ಪಟೆ ತಲೆಯ ಕಿರುಕಂಡಿ ಬಿಟ್ಟ. ಏರುಪೇರೆಲ್ಲ ಆ ಕಿರುಕಂಡಿಗಳಲ್ಲಿ ಕರಗಿಹೋಯಿತು. ನೋಡುವವರ ಕಣ್ಣಿಗೆ ಎಲ್ಲವೂ ಸಮ! ಈ ಕಮಾನಿನ ಕ್ರಮ ಅವನಿಗಿಂತ ಮುಂಚೆಯೇ ಇತ್ತು, ಆದರೂ ಲೋಕ ಇವತ್ತಿಗೂ ಅದನ್ನು ಅವನ ಹೆಸರಿನಿಂದಲೇ ಕರೆಯುತ್ತದೆ.

ಇನ್ನು ಹಳ್ಳಿಮನೆಗಳ ವಿಷಯ. ಆಗ ವೆನಿಸ್‌ನ ಶ್ರೀಮಂತರು ಸಮುದ್ರ ವ್ಯಾಪಾರದ ಹಣವನ್ನು ಒಳನಾಡಿನ ಜಮೀನಿಗೆ ಹಾಕತೊಡಗಿದ್ದರು. ಅವರಿಗೆ ಬೇಕಾದದ್ದು ಬರೀ ಬಂಗಲೆಯಲ್ಲ, ಬೇಸಾಯ ನಡೆಸುವ ಮನೆ. ಪಲ್ಲಾಡಿಯೋ ನಡುವೆ ಯಜಮಾನನ ಮನೆ, ಎಡಬಲಕ್ಕೆ ಕಮಾನುಗಳ ಉದ್ದ ಪಡಸಾಲೆ ಕಟ್ಟಿದ. ಪಡಸಾಲೆಯಲ್ಲಿ ಗಾಡಿ, ದನಕರು, ಸಲಕರಣೆ. ಅಟ್ಟದಲ್ಲಿ ಕಾಳುಕಡಿ. ಮನೆಯ ಮುಂದೆ ದೇವಾಲಯದ ಹಾಗೆ ಕಂಬ, ಮೇಲೆ ತ್ರಿಕೋನ ಮುಖ. ಮಾಸೆರ್, ಫಾಂತ್ಸೊಲೊ ಹಳ್ಳಿಗಳಲ್ಲಿ ಇಂಥ ಮನೆಗಳು ಇನ್ನೂ ನಿಂತಿವೆ. ನನಗೆ ಹೆಚ್ಚು ಹಿಡಿಸಿದ್ದು ಅವುಗಳ ಲೆಕ್ಕ. ಅಮೃತಶಿಲೆಯಂತೆ ಕಾಣುವ ಆ ಕಂಬಗಳು ಬಹುಮಟ್ಟಿಗೆ ಇಟ್ಟಿಗೆಯವು, ಮೇಲೆ ಗಾರೆ! ಕೆತ್ತನೆ ಬೇಕಾದ ಜಾಗಕ್ಕೆ ಮಾತ್ರ ಕಲ್ಲು. ಕಲ್ಲಿಗೆ, ಕೆತ್ತುವ ಕೂಲಿಗೆ ಎಷ್ಟು ಖರ್ಚು ಅಂತ ಕಲ್ಲುಕುಟಿಗನಿಗಿಂತ ಚೆನ್ನಾಗಿ ಯಾರಿಗೆ ಗೊತ್ತು? ಕಟ್ಟಡದ ಗಾಂಭೀರ್ಯ ಇರುವುದು ಸಾಮಾನಿನ ಬೆಲೆಯಲ್ಲಲ್ಲ, ಅಳತೆಯಲ್ಲಿ ಅನ್ನೋದು ಅವನ ಬಾಳಿನ ದೊಡ್ಡ ಪಾಠ. ವಿಚೆಂತ್ಸಾದ ಹೊರಗೆ ದಿಬ್ಬದ ಮೇಲೆ ನಾಲ್ಕೂ ದಿಕ್ಕಿಗೆ ಮೊಗಸಾಲೆಯಿರುವ, ನಡುವೆ ಗುಮ್ಮಟದ ಹಜಾರವಿರುವ ರೊಟೊಂಡಾ ಎಂಬ ಮನೆಯೂ ಇವನದೇ.

ಆ ಅಳತೆಯ ಸೂತ್ರ ಏನು? ಬಲಗಡೆ ಕೋಣೆ ಹೇಗೋ ಎಡಗಡೆಯೂ ಹಾಗೇ ಇರಬೇಕು. ಅದು ಬರೀ ಅಂದಕ್ಕಲ್ಲ, ಚಾವಣಿಯ ಭಾರವನ್ನು ಎರಡೂ ಕಡೆ ಗೋಡೆಗಳು ಸಮವಾಗಿ ಹೊರಬೇಕಲ್ಲ. ಕೋಣೆಯ ಆಕಾರಕ್ಕೆ ಏಳು ಬಗೆ: ವೃತ್ತ, ಚೌಕ, ಚೌಕದ ಕರ್ಣದಷ್ಟು ಉದ್ದ, ಆಮೇಲೆ ಅಗಲ ಉದ್ದಗಳು 3ಕ್ಕೆ 4, 2ಕ್ಕೆ 3, 3ಕ್ಕೆ 5, 1ಕ್ಕೆ 2. ಕಮಾನು ಚಾವಣಿಯ ಎತ್ತರಕ್ಕೆ ಮೂರು ದಾರಿ. ಇಲ್ಲಿಗೆ ಬಂದಾಗ ನಾನು ಓದುತ್ತಿದ್ದವನು ಎದ್ದು ಕೂತೆ. ಯಾಕಂದ್ರೆ ನಮ್ಮ ಸ್ಟಾಟಿಸ್ಟಿಕ್ಸ್ ಪೇಪರಿನ ಮೂರು ಸರಾಸರಿಗಳೇ ಅಲ್ಲಿದ್ದವು! ಕೋಣೆ 12 ಅಡಿ ಉದ್ದ, 6 ಅಡಿ ಅಗಲ ಇದ್ದರೆ ಸಮಾಂತರ ಸರಾಸರಿಯಂತೆ ಎತ್ತರ 9. 9 ಉದ್ದ, 4 ಅಗಲ ಇದ್ದರೆ ಗುಣೋತ್ತರ ಸರಾಸರಿಯಂತೆ 6. ಮತ್ತೆ 12 ಮತ್ತು 6ಕ್ಕೆ ಹರಾತ್ಮಕ ಸರಾಸರಿ ತೆಗೆದರೆ 8. ನಾವು ಪರೀಕ್ಷೆಗೆ ಅಂತ ಉರುಹೊಡೆಯುವ ಹರಾತ್ಮಕ ಸರಾಸರಿಯ ಕೆಳಗೆ ಜನ ಕೂತು ಊಟ ಮಾಡಿದ್ದಾರೆ ಮಿತ್ರರೇ!

ಇದೆಲ್ಲವನ್ನೂ ಅವನು 1570ರಲ್ಲಿ ವೆನಿಸ್‌ನಲ್ಲಿ ಅಚ್ಚಾದ ವಾಸ್ತುವಿನ ನಾಲ್ಕು ಪುಸ್ತಕಗಳಲ್ಲಿ ಬರೆದಿಟ್ಟ. ಮೊದಲನೆಯದು ಸಾಮಾನು ಸರಂಜಾಮು ಮತ್ತು ಕಂಬಗಳ ಕ್ರಮ, ಎರಡನೆಯದು ಮನೆಗಳು, ಮೂರನೆಯದು ರಸ್ತೆ, ಸೇತುವೆ, ಚೌಕ, ನಾಲ್ಕನೆಯದು ಪ್ರಾಚೀನ ದೇವಾಲಯಗಳು. ಪಂಡಿತರ ಭಾಷೆ ಆಗ ಲ್ಯಾಟಿನ್. ಪಲ್ಲಾಡಿಯೋ ಬರೆದದ್ದು ಇಟಾಲಿಯನ್ನಿನಲ್ಲಿ, ಅದೂ ಗೌಂಡಿಗೆ ತಿಳಿಯುವಂಥ ಚಿಕ್ಕ ಮಾತಿನಲ್ಲಿ, ಪುಟಪುಟಕ್ಕೂ ಚಿತ್ರ, ಅಂಕೆ ಹಾಕಿ. ತಾನು ಕಟ್ಟಿದ ಮನೆಗಳ ಚಿತ್ರಗಳನ್ನು ಮಾತ್ರ ಇದ್ದ ಹಾಗೆ ಕೊಡದೆ, ಇರಬೇಕಾಗಿದ್ದ ಹಾಗೆ ತಿದ್ದಿ ಕೊಟ್ಟಿದ್ದಾನೆ. ಯಜಮಾನರ ಕೈಯಲ್ಲಿ ಹಣ ಮುಗಿದು ಅರ್ಧಕ್ಕೆ ನಿಂತ ಕಟ್ಟಡಗಳು ಅವನಿಗೆ ಕಡಿಮೆಯಿರಲಿಲ್ಲ. ಕಾಗದದಲ್ಲಾದರೂ ಪೂರ್ತಿಯಾಗಲಿ ಅಂತ ಇರಬಹುದು.

ಮುಂದಿನ ವರ್ಷಗಳು ಸುಖದವಲ್ಲ. 1572ರಲ್ಲಿ ಕೆಲವೇ ವಾರಗಳೊಳಗೆ ಲಿಯೊನಿದಾ, ಒರಾತ್ಸಿಯೊ ಎಂಬ ಇಬ್ಬರು ಗಂಡುಮಕ್ಕಳು ತೀರಿಕೊಂಡರು. 1575ರಿಂದ ವೆನಿಸ್‌ಗೆ ಪ್ಲೇಗು ಬಡಿದು ಹತ್ತಾರು ಸಾವಿರ ಜನ ಸತ್ತರು. ಊರು ಹರಕೆ ಹೊತ್ತು ಕಟ್ಟಿಸಿದ ರೆದೆಂತೋರೆ ಇಗರ್ಜಿಯ ನಕ್ಷೆ ಮಾಡಿದವನು ಮಕ್ಕಳನ್ನು ಕಳೆದುಕೊಂಡ ಇದೇ ಮುದುಕ. 1577ರಲ್ಲಿ ಅಡಿಗಲ್ಲು ಬಿತ್ತು. ಇಗರ್ಜಿಯ ನಡುಭಾಗ ಎತ್ತರ, ಪಕ್ಕಗಳು ತಗ್ಗು. ಅದಕ್ಕೆ ಒಂದೇ ದೇವಾಲಯದ ಮುಖ ಹೊಂದುವುದಿಲ್ಲ. ಎತ್ತರದ ಕಿರಿಮುಖ ಒಂದು, ತಗ್ಗಿನ ಅಗಲಮುಖ ಇನ್ನೊಂದು, ಎರಡನ್ನೂ ಒಂದರೊಳಗೊಂದು ಹೆಣೆದು ಅವನು ತೊಡಕು ಬಿಡಿಸಿದ. 1580ರ ಆಗಸ್ಟ್ 19ರಂದು ಸತ್ತಾಗ ರೆದೆಂತೋರೆ ಮುಗಿದಿರಲಿಲ್ಲ, ವಿಚೆಂತ್ಸಾದ ಒಲಿಂಪಿಕೊ ರಂಗಮಂದಿರ ಆಗತಾನೇ ಶುರುವಾಗಿತ್ತು, ಸಭಾಭವನದ ಕಮಾನುಗಳಂತೂ 1617ರವರೆಗೆ ನಡೆದವು.

ಆದರೆ ಪುಸ್ತಕ ನಡೆಯುತ್ತಲೇ ಇತ್ತು. ಇಂಗ್ಲೆಂಡಿನ ಇನಿಗೊ ಜೋನ್ಸ್ ಅದನ್ನು ಕೈಯಲ್ಲಿ ಹಿಡಿದು 1613, 14ರಲ್ಲಿ ಇಟಲಿ ಸುತ್ತಿದ. ಅಮೆರಿಕದಲ್ಲಿ ಜೆಫರ್ಸನ್ ಅದನ್ನು ನೋಡಿ ಮನೆ ಕಟ್ಟಿದ. ನಮ್ಮ ಹೈದರಾಬಾದಿನ ಕೋಠಿಯಲ್ಲಿ, ಮಹಿಳಾ ಕಾಲೇಜು ನಡೆದ ಹಳೆಯ ರೆಸಿಡೆನ್ಸಿಯ ಕಂಬಸಾಲು, ತ್ರಿಕೋನ ಮುಖಗಳೂ ಅದೇ ವಂಶದವು. ಕರ್ಕ್‌ಪ್ಯಾಟ್ರಿಕ್ ರೆಸಿಡೆಂಟನಾಗಿದ್ದಾಗ, ಹತ್ತೊಂಬತ್ತನೇ ಶತಮಾನದ ಮೊದಲ ವರ್ಷಗಳಲ್ಲಿ ಅದು ಎದ್ದಿತು. ಇಲ್ಲೊಂದು ಮಾತು ಹೇಳದೆ ಬಿಡಲಾರೆ. ಕಂಪನಿಯ ಅಧಿಕಾರಿಗೆ ಬೇಕಾದದ್ದು ಅಧಿಕಾರದ ಠೀವಿ, ಜೆಫರ್ಸನ್‌ನ ಮನೆ ಕಟ್ಟಿದವರಲ್ಲಿ ಗುಲಾಮರಿದ್ದರು. ಸಮತೂಕದ ಸೂತ್ರದಿಂದ ಕಟ್ಟಿದ ಮನೆಯೊಳಗೆ ನ್ಯಾಯವೂ ಸಮತೂಕವಾಗಿರುತ್ತದೆ ಅಂತೇನಿಲ್ಲ. ಪಲ್ಲಾಡಿಯೋನ ಹಳ್ಳಿಮನೆಗಳಲ್ಲೂ ನಡುಮನೆ ಒಡೆಯನದು, ದುಡಿಮೆ ಪಕ್ಕದ ಪಡಸಾಲೆಯದು.

ಆದರೂ ಆ ಪುಸ್ತಕದ ಮುಂದೆ ನಾನು ತಲೆಬಾಗುತ್ತೇನೆ. ಕಾಲೇಜಿಗೆ ಬಂದ ಮೇಲೆ ನಮ್ಮಲ್ಲಿ ಎಷ್ಟೋ ಜನ ಲೆಕ್ಕ, ಶಾಸ್ತ್ರ ಎಲ್ಲ ಇಂಗ್ಲಿಷಿನ ಸ್ವತ್ತು, ಕನ್ನಡ ಏನಿದ್ದರೂ ಕವಿತೆಗೆ, ನಾಟಕಕ್ಕೆ ಅಂತ ಒಳಗೊಳಗೇ ಒಪ್ಪಿಕೊಂಡುಬಿಟ್ಟಿದ್ದೇವೆ. ಲ್ಯಾಟಿನ್ ಶಾಲೆಯ ಮೆಟ್ಟಿಲು ಹತ್ತದ ಗಿರಣಿಯವನ ಮಗ, ತನ್ನ ಕಸುಬನ್ನು ತನ್ನ ಜನದ ಮಾತಿನಲ್ಲಿ, ಅಳತೆ ತಪ್ಪದೆ, ಚಿತ್ರ ಸಮೇತ ಬರೆದ. ಲೋಕವೇ ಅದನ್ನು ತನ್ನ ತನ್ನ ಭಾಷೆಗೆ ತಿರುಗಿಸಿಕೊಂಡಿತು. ಲೆಡ್ಜರಿನ ಲೆಕ್ಕವನ್ನಾಗಲಿ, ಇಟ್ಟಿಗೆಯ ಲೆಕ್ಕವನ್ನಾಗಲಿ ಅಷ್ಟೇ ಖಚಿತವಾಗಿ ಕನ್ನಡದಲ್ಲಿ ಬರೆಯಲು ನಮಗೆ ಅಡ್ಡಿ ಯಾರದು? ಮುಂದಿನ ಸಂಚಿಕೆಗೆ ವಿಜ್ಞಾನದ ಗೆಳೆಯರೂ, ಎಂಜಿನಿಯರಿಂಗ್ ಗೆಳೆಯರೂ ಕವಿತೆಯ ಜೊತೆ ತಮ್ಮ ವಿದ್ಯೆಯ ಒಂದೊಂದು ಲೇಖನವನ್ನೂ ಕೊಡಲಿ ಎಂಬುದೇ ನನ್ನ ಕೋರಿಕೆ.