ಬಾಲಪ್ರಪಂಚದ ಕರ್ತೃ

ಕುಂದಾಪುರಕ್ಕೂ ಬ್ರಹ್ಮಾವರಕ್ಕೂ ನಡುವೆ, ಪಡುಗಡಲ ಮೊರೆತ ಕೇಳಿಸುವಷ್ಟು ಸಮೀಪದಲ್ಲಿ, ಕೋಟವೆಂಬ ಊರಿದೆ. 1902ನೆಯ ಇಸವಿ ಅಕ್ಟೋಬರ್ 10ರಂದು ಆ ಊರಿನ ಶೇಷ ಕಾರಂತ ಮತ್ತು ಲಕ್ಷ್ಮಮ್ಮ ದಂಪತಿಗಳಿಗೆ ಜನಿಸಿದ ಶಿವರಾಮ ಕಾರಂತರನ್ನು ನಾಡು ಕಾದಂಬರಿಕಾರರೆಂದು ಬಲ್ಲದು. ‘ಚೋಮನ ದುಡಿ’, ‘ಮರಳಿ ಮಣ್ಣಿಗೆ’ ಕೃತಿಗಳ ಹೆಸರನ್ನು ಕೇಳದ ಕನ್ನಡಿಗರು ವಿರಳ. ‘ಮೂಕಜ್ಜಿಯ ಕನಸುಗಳು’ ಅವರಿಗೆ 1977ರ ಜ್ಞಾನಪೀಠ ಪ್ರಶಸ್ತಿಯನ್ನು ತಂದಿತು. ಯಕ್ಷಗಾನದ ಸಂಶೋಧಕರೆಂದೂ ಅವರ ಕೀರ್ತಿ ದೊಡ್ಡದು. ಆದರೆ ವಿಜ್ಞಾನದ ಪದವಿಯಿಲ್ಲದ, ಪ್ರಯೋಗಶಾಲೆಯಲ್ಲಿ ದುಡಿಯದ ಈ ಮಹನೀಯರು ಕನ್ನಡದ ಮಕ್ಕಳಿಗೆ ವಿಜ್ಞಾನದ ಬಾಗಿಲನ್ನು ತೆರೆದ ಸಂಗತಿ ಅಷ್ಟಾಗಿ ಪ್ರಚಾರದಲ್ಲಿಲ್ಲ.

ಕುಂದಾಪುರದಲ್ಲಿ ಪ್ರೌಢಶಾಲೆಯ ವ್ಯಾಸಂಗವನ್ನು ಮುಗಿಸಿ ಕಾರಂತರು ಮಂಗಳೂರಿನ ಸರ್ಕಾರಿ ಕಾಲೇಜನ್ನು ಸೇರಿದರು. ಅಷ್ಟರಲ್ಲಿ ಗಾಂಧೀಜಿಯವರ ಅಸಹಕಾರ ಚಳವಳಿಯ ಕರೆ ಬಂದಿತು. ಅವರು ಕಾಲೇಜನ್ನು ತ್ಯಜಿಸಿದರು. ಮತ್ತೆ ಅತ್ತ ಮುಖ ಮಾಡಲಿಲ್ಲ. ಖಾದಿ ಪ್ರಚಾರ, ಪತ್ರಿಕೆ, ನಾಟಕ, ಮೂಕಚಿತ್ರ ಹೀಗೆ ಅವರು ಕೈಯಿಕ್ಕದ ಕ್ಷೇತ್ರವಿರಲಿಲ್ಲ. ಮುಂದೆ ಪುತ್ತೂರಿನಲ್ಲಿ ನೆಲೆಸಿ ‘ಬಾಲವನ’ವನ್ನು ಕಟ್ಟಿದರು. ಅಲ್ಲಿ ಮಕ್ಕಳು ಆಡುತ್ತ, ಕುಣಿಯುತ್ತ, ಸುತ್ತಲಿನ ಗಿಡಮರಗಳನ್ನು ನೋಡುತ್ತ ಕಲಿಯಬೇಕೆಂಬುದು ಅವರ ಆಶಯ.

ಮಕ್ಕಳ ನಡುವೆ ಬಾಳಿದವರಿಗೆ ಪ್ರಶ್ನೆಗಳ ಕೊರತೆಯಿಲ್ಲ. ಕಡಲು ಉಬ್ಬುವುದೇಕೆ, ಇಳಿಯುವುದೇಕೆ? ಮಿಂಚು ಮೊದಲು ಕಂಡು ಗುಡುಗು ಆಮೇಲೆ ಕೇಳಿಸುವುದೇಕೆ? ಆಗ ಕರಾವಳಿಯ ಈ ಜಿಲ್ಲೆ ಮದರಾಸು ಪ್ರಾಂತಕ್ಕೆ ಸೇರಿತ್ತು. ಪ್ರೌಢಶಾಲೆಯ ಪಾಠಗಳು ಇಂಗ್ಲಿಷಿನಲ್ಲಿ ನಡೆಯುತ್ತಿದ್ದವು. ಇಂಗ್ಲಿಷ್ ಬಾರದ ಮಗುವಿನ ಇಂಥ ಪ್ರಶ್ನೆಗಳಿಗೆ ವಿಸ್ತಾರವಾದ ಉತ್ತರವನ್ನು ನೀಡುವ ಗ್ರಂಥಗಳು ಕನ್ನಡದಲ್ಲಿ ತೀರ ಅಪರೂಪವಾಗಿದ್ದವು. ಈ ಕೊರತೆಯನ್ನು ನೀಗಲು ಕಾರಂತರು 1936ರಲ್ಲಿ ‘ಬಾಲಪ್ರಪಂಚ’ದ ಮೂರು ಸಂಪುಟಗಳನ್ನು ಹೊರತಂದರು. ಅವರಿಗೆ ಆಗ ಮೂವತ್ತನಾಲ್ಕು ವರ್ಷ.

ಇತರ ದೇಶಗಳಲ್ಲಿ ವಿಶ್ವಕೋಶವೆಂದರೆ ಹತ್ತಾರು ಪಂಡಿತರ ಕೂಟ ನಡೆಸುವ ಕಾರ್ಯ. ಇಲ್ಲಿ ಓದಿದವರೂ ಆಯ್ದವರೂ ಬರೆದವರೂ ಒಬ್ಬರೇ. ಅಷ್ಟಕ್ಕೆ ತೃಪ್ತರಾಗದೆ ಅವರು ಬೆಳೆದವರಿಗಾಗಿ ‘ವಿಜ್ಞಾನ ಪ್ರಪಂಚ’ವನ್ನು ನಾಲ್ಕು ಸಂಪುಟಗಳಲ್ಲಿ ರಚಿಸಿದರು. ಇದು ಪ್ರಕಟವಾದದ್ದು 1959ರಿಂದ 1964ರವರೆಗಿನ ಅವಧಿಯಲ್ಲಿ. ಪ್ರಕಟಣೆ ಆರಂಭವಾದಾಗ ಮಾನವನು ಅಂತರಿಕ್ಷಕ್ಕೆ ಏರಿರಲಿಲ್ಲ. ಮುಗಿಯುವ ವೇಳೆಗೆ ಏರಿ ಮೂರು ವರ್ಷಗಳಾಗಿದ್ದವು. ಬರೆಯುತ್ತಿರುವಾಗಲೇ ವಿಷಯವು ಮುಂದೆ ಓಡುತ್ತಿದ್ದ ಕಾಲವದು. ಇಂತಹ ಗ್ರಂಥದ ಅನೇಕ ವಿವರಗಳು ಇಂದು ಹಳತಾಗಿರುವುದು ಸಹಜವೇ. ತಜ್ಞರಲ್ಲದ ಒಬ್ಬರು ಇಷ್ಟು ದೊಡ್ಡ ಭಾರವನ್ನು ಹೊತ್ತದ್ದು ಸರಿಯೇ ಎಂದು ಕೇಳುವವರೂ ಇದ್ದಾರು. ತಜ್ಞರಿಗಾಗಿ ಕಾಯುತ್ತ ಕುಳಿತಿದ್ದರೆ ಒಂದು ತಲೆಮಾರಿನ ಮಕ್ಕಳು ಉತ್ತರವಿಲ್ಲದೆ ಬೆಳೆದುಬಿಡುತ್ತಿದ್ದರೆಂಬುದನ್ನು ಮರೆಯಲಾಗದು.

ಅಮೆರಿಕದ ಕಡಲ ವಿಜ್ಞಾನಿ ರೇಚಲ್ ಕಾರ್ಸನ್ ಅವರ ಗ್ರಂಥವೊಂದನ್ನು ಕಾರಂತರು ‘ನಮ್ಮ ಸುತ್ತಲಿನ ಕಡಲು’ ಎಂದು ಕನ್ನಡಕ್ಕೆ ತಂದರು. ಕಡಲ ತಡಿಯಲ್ಲಿ ಹುಟ್ಟಿ ಬೆಳೆದವರಿಗೆ ಇದಕ್ಕಿಂತ ಒಪ್ಪುವ ಅನುವಾದ ಕಾರ್ಯ ಬೇರೊಂದಿರಲಾರದು. 1962ರಲ್ಲಿ ಇದೇ ಕಾರ್ಸನ್ ಕೀಟನಾಶಕಗಳು ನಿಸರ್ಗಕ್ಕೆ ತರುವ ಹಾನಿಯನ್ನು ಜಗತ್ತಿಗೆ ತಿಳಿಸಿದರು. ಕಾರಂತರೂ ಇಳಿವಯಸ್ಸಿನಲ್ಲಿ ಅಂತಹುದೇ ಹಾದಿಯನ್ನು ಹಿಡಿದರು.

ಉತ್ತರ ಕನ್ನಡ ಜಿಲ್ಲೆಯ ಕೈಗಾದಲ್ಲಿ, ಕಾಳಿ ನದಿಯ ದಡದ ಕಾಡಿನ ನಡುವೆ, ಅಣುವಿದ್ಯುತ್ ಸ್ಥಾವರವನ್ನು ನಿರ್ಮಿಸುವ ಕಾರ್ಯ 1980ರ ದಶಕದಲ್ಲಿ ಆರಂಭವಾಯಿತು. ಕಾರಂತರು ಅದನ್ನು ಬಲವಾಗಿ ವಿರೋಧಿಸಿದರು. ವಿಜ್ಞಾನವನ್ನು ಮನೆಮನೆಗೆ ಮುಟ್ಟಿಸಿದವರೇ ವಿಜ್ಞಾನದ ಫಲವನ್ನು ಬೇಡವೆನ್ನಬಹುದೆ ಎಂದು ಹಲವರು ಅಚ್ಚರಿಪಟ್ಟರು. ಇದರಲ್ಲಿ ವಿರೋಧಾಭಾಸ ಕಾಣುವುದಿಲ್ಲ. ಮಗುವಿನ ಪ್ರಶ್ನೆಗೆ ಉತ್ತರ ಸಿಗಬೇಕೆಂದು ಬಯಸಿದವರು, ಸ್ಥಾವರದ ನೆರೆಯಲ್ಲಿ ಬಾಳಬೇಕಾದ ರೈತನ ಪ್ರಶ್ನೆಗೂ ಉತ್ತರವನ್ನು ಕೇಳಿದರು. 1989ರಲ್ಲಿ ಎಂಬತ್ತೇಳರ ವಯಸ್ಸಿನಲ್ಲಿ ಅವರು ಆ ಭಾಗದ ಲೋಕಸಭಾ ಕ್ಷೇತ್ರದಿಂದ ಚುನಾವಣೆಗೆ ನಿಂತರು. ಸೋತರು. 1994ರಲ್ಲಿ, ನಿರ್ಮಾಣದ ಹಂತದಲ್ಲಿಯೇ, ಸ್ಥಾವರದ ಒಂದು ಘಟಕದ ಒಳಗುಮ್ಮಟದ ಭಾಗ ಕುಸಿಯಿತು. ಅದನ್ನು ಮತ್ತೆ ಕಟ್ಟಿ 2000ದಲ್ಲಿ ವಿದ್ಯುತ್ ಉತ್ಪಾದನೆಯನ್ನು ಆರಂಭಿಸಲಾಯಿತು. ಕೈಗಾದ ವಿಷಯದಲ್ಲಿ ಬಲ್ಲವರಲ್ಲಿಯೂ ಎರಡು ಅಭಿಪ್ರಾಯಗಳುಂಟು.

ಕಾರಂತರ ಪುತ್ರ ಉಲ್ಲಾಸ ಕಾರಂತರು ವನ್ಯಜೀವಿ ವಿಜ್ಞಾನಿಯಾಗಿ, ಹುಲಿಗಳ ಅಧ್ಯಯನದಿಂದ ಪ್ರಖ್ಯಾತರಾದರು. ತಂದೆಯವರು ಪುತ್ತೂರನ್ನು ಬಿಟ್ಟು ಹುಟ್ಟೂರಿನ ನೆರೆಯ ಸಾಲಿಗ್ರಾಮಕ್ಕೆ ಮರಳಿದ್ದರು. ಅಲ್ಲಿಯೂ ಅವರ ಲೇಖನಿ ವಿರಮಿಸಲಿಲ್ಲ. ತೊಂಬತ್ತೈದರ ಮುಪ್ಪಿನಲ್ಲಿ ಅವರು ಬರೆದದ್ದು ಹಕ್ಕಿಗಳನ್ನು ಕುರಿತ ಒಂದು ಪುಸ್ತಕವನ್ನು. 1997ರ ಡಿಸೆಂಬರ್ 9ರಂದು ಮಣಿಪಾಲದಲ್ಲಿ ಅವರು ಕೊನೆಯುಸಿರೆಳೆದರು. ಆ ಹಕ್ಕಿಗಳ ಪುಸ್ತಕವನ್ನು, ಅವರು ಹುಟ್ಟಿ ನೂರು ವರ್ಷ ತುಂಬಿದ 2002ರಲ್ಲಿ, ಧಾರವಾಡದ ಮನೋಹರ ಗ್ರಂಥಮಾಲೆಯವರು ಪ್ರಕಟಿಸಿದರು.