ನಾಟಕರತ್ನ ಗುಬ್ಬಿ ವೀರಣ್ಣನವರು

ಲೋಕದಲ್ಲಿ ಜನ್ಮವೆತ್ತಿದವರೆಲ್ಲರೂ ಒಂದಲ್ಲ ಒಂದು ವೃತ್ತಿಯನ್ನವಲಂಬಿಸಿ ಜೀವನವನ್ನು ಸಾಗಿಸುವರು. ಆದರೆ ಹಿಡಿದ ವೃತ್ತಿಯನ್ನೇ ಕಾಯಕವೆಂದು ಭಾವಿಸಿ, ಅದರಿಂದ ಬಂದುದನ್ನು ಮರಳಿ ಅದಕ್ಕೇ ಸಮರ್ಪಿಸಿ, ತನ್ನನ್ನು ನಂಬಿದವರ ಅನ್ನಕ್ಕೆ ಹೊಣೆಯಾಗಿ ನಿಲ್ಲುವವರು ವಿರಳರು. ಬಸವಾದಿ ಪ್ರಮಥರ ಕಾಲದಲ್ಲಿ ಕಾಯಕಗಳಲ್ಲಿ ಮೇಲು ಕೀಳುಗಳೆಂಬ ಭೇದವಿರಲಿಲ್ಲ. ವೇಷವನ್ನು ಧರಿಸಿ ಆಡುವುದೇ ಕಾಯಕವಾಗಿದ್ದ ಬಹುರೂಪಿ ಚೌಡಯ್ಯನವರೂ, ಜನರನ್ನು ನಗಿಸುವುದೇ ಕಾಯಕವಾಗಿದ್ದ ನಗೆಮಾರಿತಂದೆಗಳೂ ಶರಣರ ಸಾಲಿನಲ್ಲಿ ಸಮಾನವಾದ ಗೌರವವನ್ನು ಪಡೆದಿದ್ದರು. ಕಾಲಾಂತರದಲ್ಲಿ ಆ ದೃಷ್ಟಿಯು ಮಸುಕಾಯಿತು. ವೇಷ ಕಟ್ಟುವವನೆಂದರೆ ಊರಿಗೆ ಬೇಕಾದವನು, ಆದರೆ ಮನೆಗೆ ಬೇಡವಾದವನು ಎಂಬ ಭಾವನೆ ಜನರಲ್ಲಿ ನೆಲೆಯೂರಿತು. ಇಂತಹ ಕಾಲದಲ್ಲಿ ಹುಟ್ಟಿ, ಎಳೆಯ ವಯಸ್ಸಿನಲ್ಲಿಯೇ ರಂಗವನ್ನೇರಿ, ಆ ವೃತ್ತಿಗೆ ಹೋದ ಮಾನವನ್ನು ಮರಳಿ ತಂದುಕೊಟ್ಟ ಮಹನೀಯರೇ ಗುಬ್ಬಿ ವೀರಣ್ಣನವರು.

ತುಮಕೂರು ಜಿಲ್ಲೆಗೆ ಸೇರಿದ ಗುಬ್ಬಿಯು ವೀರಶೈವ ಸಾಹಿತ್ಯದ ಇತಿಹಾಸದಲ್ಲಿ ಹೆಸರಾದ ಊರು. ವೀರಶೈವಾಮೃತ ಪುರಾಣವನ್ನು ರಚಿಸಿದ ಮಲ್ಲಣಾರ್ಯನು ಈ ಊರಿನ ಹೆಸರಿನಿಂದಲೇ ಪ್ರಸಿದ್ಧನಾಗಿರುವನು. ಶ್ರೀ ಗೋಸಲ ಚೆನ್ನಬಸವೇಶ್ವರಸ್ವಾಮಿಯ ಸನ್ನಿಧಾನದಿಂದ ಪುನೀತವಾದ ಕ್ಷೇತ್ರವೂ ಇದೇ ಆಗಿದೆ. ಈ ಊರಿನಲ್ಲಿ 1884ನೆಯ ಇಸವಿಯಲ್ಲಿ ಚಂದಣ್ಣನವರೂ ಅವರ ಸ್ನೇಹಿತರೂ ಕೂಡಿ ಒಂದು ನಾಟಕ ಸಂಘವನ್ನು ಸ್ಥಾಪಿಸಿ, ಅದನ್ನು ಊರ ದೈವವಾದ ಚೆನ್ನಬಸವೇಶ್ವರನ ಕೃಪೆಗೆ ಒಪ್ಪಿಸಿ, ಅವನ ಹೆಸರನ್ನೇ ಅದಕ್ಕೆ ಇಟ್ಟರು. ಅದಾದ ಏಳು ವರುಷಗಳ ಮೇಲೆ, 1891ನೆಯ ಜನವರಿ 24ರಂದು, ಹಂಪಣ್ಣನವರ ಮಗನಾಗಿ ವೀರಣ್ಣನವರು ಜನಿಸಿದರು. ಸಂಘವು ಮೊದಲು ಹುಟ್ಟಿ, ಅದನ್ನು ಬೆಳಗಿಸುವ ದೀಪವು ಅನಂತರ ಹುಟ್ಟಿತೆನ್ನಬಹುದು.

ಆರನೆಯ ವಯಸ್ಸಿನಲ್ಲಿಯೇ ವೀರಣ್ಣನವರು ಈ ಸಂಘವನ್ನು ಸೇರಿದರು. ಇತರ ಬಾಲಕರು ಮರಳಿನ ಮೇಲೆ ಅಕ್ಷರವನ್ನು ತಿದ್ದುತ್ತಿದ್ದ ಪ್ರಾಯದಲ್ಲಿ ಇವರು ಮುಖಕ್ಕೆ ಬಣ್ಣವನ್ನು ಹಚ್ಚಿಕೊಂಡರು. ಅಂದಿನ ಕಂಪನಿಗಳಲ್ಲಿ ಹುಡುಗರ ಬಾಳು ಸುಖದ ಬಾಳಾಗಿರಲಿಲ್ಲ. ಸ್ತ್ರೀಯರು ರಂಗಕ್ಕೆ ಬಾರದಿದ್ದುದರಿಂದ ಬಾಲವೇಷಗಳ ಜೊತೆಗೆ ಸ್ತ್ರೀವೇಷಗಳೂ ಹುಡುಗರ ಪಾಲಿಗೇ ಬರುತ್ತಿದ್ದುವು. ಆಟವು ಬೆಳಗಿನ ಜಾವದವರೆಗೂ ನಡೆಯುತ್ತಿತ್ತು. ಧ್ವನಿವರ್ಧಕ ಯಂತ್ರಗಳಿಲ್ಲದ ಆ ದಿನಗಳಲ್ಲಿ ಸಭೆಯ ಕಡೆಯ ಸಾಲಿನಲ್ಲಿ ಕುಳಿತವನ ಕಿವಿಗೂ ಮುಟ್ಟುವಂತೆ ಕಂಠವನ್ನು ಸಾಧಿಸಬೇಕಾಗಿತ್ತು. ಹರೆಯವು ಬಂದು ಕಂಠವು ಒಡೆದೊಡನೆಯೇ ಬಾಲನಟನಿಗೆ ವೇಷವಿಲ್ಲದಂತಾಗುತ್ತಿತ್ತು. ನಿನ್ನೆಯವರೆಗೆ ಜನರು ಮೆಚ್ಚಿ ತಲೆದೂಗುತ್ತಿದ್ದ ಹುಡುಗನು ಇಂದು ಪರದೆಯ ಹಗ್ಗವನ್ನೆಳೆಯುವ ಕೆಲಸಕ್ಕೆ ಇಳಿಯಬೇಕಾಗುತ್ತಿತ್ತು. ಹೀಗೆ ಮರೆಯಾದ ಬಾಲನಟರ ಸಂಖ್ಯೆಯು ಅಲ್ಪವಲ್ಲ. ವೀರಣ್ಣನವರು ಮಾತ್ರ ಮರೆಯಾಗಲಿಲ್ಲ. ಬಾಲ್ಯದಿಂದಲೇ ಕಂಪನಿಯ ಒಳಹೊರಗುಗಳನ್ನೆಲ್ಲ ಕಣ್ಣಿಟ್ಟು ನೋಡುತ್ತ ಬೆಳೆದುದರಿಂದ, ರಂಗದ ಮುಂದೆ ನಿಲ್ಲುವುದನ್ನೂ ರಂಗದ ಹಿಂದೆ ದುಡಿಯುವುದನ್ನೂ ಅವರು ಏಕಪ್ರಕಾರವಾಗಿ ಬಲ್ಲವರಾದರು.

ಪ್ರಾಯಕ್ಕೆ ಬಂದ ಮೇಲೆ ಹಾಸ್ಯರಸವೇ ಅವರಿಗೆ ಒಲಿಯಿತು. ಅಂದಿನ ನಾಟಕಗಳಲ್ಲಿ ಗಾಯಕನಾದ ರಾಜಪಾತ್ರಧಾರಿಯೇ ಶ್ರೇಷ್ಠನೆಂದೂ, ಹಾಸ್ಯಗಾರನು ದೃಶ್ಯದಿಂದ ದೃಶ್ಯಕ್ಕೆ ನಡುವಣ ಹೊತ್ತನ್ನು ಕಳೆಯುವವನೆಂದೂ ಎಣಿಕೆಯಿತ್ತು. ವೀರಣ್ಣನವರು ಈ ಎಣಿಕೆಯನ್ನು ತಲೆಕೆಳಗು ಮಾಡಿದರು. ಸದಾರಮೆ ನಾಟಕದಲ್ಲಿ ಅವರು ವಹಿಸುತ್ತಿದ್ದ ಕಳ್ಳನ ಪಾತ್ರವನ್ನು ನೋಡುವುದಕ್ಕಾಗಿಯೇ ಜನರು ಹಳ್ಳಿಹಳ್ಳಿಗಳಿಂದ ಗಾಡಿ ಕಟ್ಟಿಕೊಂಡು ಬರುತ್ತಿದ್ದರು. ಕಳ್ಳನಾದರೂ ಅವನಲ್ಲಿ ಕ್ರೌರ್ಯವಿಲ್ಲ. ಸದಾರಮೆಯಂತಹ ಜಾಣೆಯ ಮುಂದೆ ತಾನೇ ಮೋಸಹೋಗುವ ಅವನ ಪೆದ್ದುತನವನ್ನು ಕಂಡು ಸಭೆಯು ಹೊಟ್ಟೆ ಹಿಡಿದು ನಗುತ್ತಿತ್ತು. ಆ ನಗೆಯೊಳಗೆ ದುರಾಶೆಯ ಗತಿಯೇನೆಂಬ ನೀತಿಯೂ ಅಡಗಿತ್ತು. ಮೈಸೂರಿನ ಅರಮನೆಯ ಮನ್ನಣೆಯೂ ಅವರಿಗೆ ದೊರಕಿತು. ನಾಟಕರತ್ನವೆಂಬ ಬಿರುದು ಅವರ ಹೆಸರಿನೊಡನೆ ಬೆಸೆದುಕೊಂಡಿತು.

ಇಪ್ಪತ್ತನೆಯ ಶತಮಾನದ ಎರಡನೆಯ ದಶಕದಲ್ಲಿ ಕಂಪನಿಯ ಒಡೆತನವು ವೀರಣ್ಣನವರ ಕೈಗೆ ಬಂದಿತು. ಅಲ್ಲಿಂದ ಮುಂದೆ ಅವರ ಬಾಳು ಒಬ್ಬ ನಟನ ಬಾಳಾಗಿ ಉಳಿಯದೆ, ಒಂದು ದೊಡ್ಡ ಸಂಸಾರದ ಯಜಮಾನನ ಬಾಳಾಯಿತು. ನಟರು, ಹಿಮ್ಮೇಳದವರು, ಪರದೆಯ ಚಿತ್ರಗಾರರು, ಬಡಗಿಗಳು, ದರ್ಜಿಗಳು, ಅಡಿಗೆಯವರು ಹೀಗೆ ನೂರಾರು ಜನರು ಕಂಪನಿಯ ಅನ್ನವನ್ನುಂಡರು. ಬೆಳ್ಳಾವೆ ನರಹರಿಶಾಸ್ತ್ರಿಗಳಂತಹ ವಿದ್ವಾಂಸರಿಂದ ನಾಟಕಗಳನ್ನು ಬರೆಯಿಸಿದರು. ಆವರೆಗೆ ಗಂಡಸರೇ ಧರಿಸುತ್ತಿದ್ದ ಸ್ತ್ರೀಪಾತ್ರಗಳನ್ನು ಸ್ತ್ರೀಯರಿಗೇ ಒಪ್ಪಿಸಿದರು. ಇದು ಸಾಮಾನ್ಯವಾದ ಸಾಹಸವಲ್ಲ. ನಾಟಕದ ಹೆಂಗಸೆಂದರೆ ಹಗುರವಾಗಿ ಕಾಣುತ್ತಿದ್ದ ಸಮಾಜದಲ್ಲಿ ಆಕೆಗೆ ಸಂಬಳವನ್ನೂ ರಕ್ಷಣೆಯನ್ನೂ ಮರ್ಯಾದೆಯನ್ನೂ ಒದಗಿಸುವುದು ಕಂಪನಿಯ ಯಜಮಾನನ ನಡತೆಯನ್ನೇ ಅವಲಂಬಿಸಿದ್ದಿತು. ಅವರ ಪತ್ನಿಯವರಾದ ಬಿ. ಜಯಮ್ಮನವರು ಅಭಿನಯದಲ್ಲಿಯೂ ಗಾಯನದಲ್ಲಿಯೂ ಅಗ್ರಗಣ್ಯರೆನಿಸಿ ಕನ್ನಡ ರಂಗಭೂಮಿಗೆ ಭೂಷಣಪ್ರಾಯರಾದರು.

ಕಂಪನಿಯ ಕೀರ್ತಿಯು ಶಿಖರವನ್ನೇರಿದುದು 1934ರಲ್ಲಿ ಪ್ರಯೋಗಿಸಿದ ಕುರುಕ್ಷೇತ್ರ ನಾಟಕದಿಂದ. ನಿಜವಾದ ಆನೆಗಳನ್ನೂ ಕುದುರೆಗಳನ್ನೂ ರಂಗದ ಮೇಲೆ ತಂದು ಭಾರತಯುದ್ಧವನ್ನು ಕಣ್ಣಿಗೆ ಕಟ್ಟುವಂತೆ ತೋರಿಸಿದುದನ್ನು ಕಂಡು ನಾಡಿಗೆ ನಾಡೇ ಬೆರಗಾಯಿತು. ಮುಂದೆ ದಶಾವತಾರವೇ ಮೊದಲಾದ ನಾಟಕಗಳಲ್ಲಿಯೂ ಇಂತಹ ವೈಭವವನ್ನು ಮೆರೆಸಿದರು. ಒಂದು ಊರಿನಿಂದ ಮತ್ತೊಂದೂರಿಗೆ ಇಷ್ಟು ಸಲಕರಣೆಗಳನ್ನೂ ಪ್ರಾಣಿಗಳನ್ನೂ ಜನರನ್ನೂ ಸಾಗಿಸುವ ವೆಚ್ಚವು ಅಪಾರವಾದುದು. ಒಂದು ಮಳೆಗಾಲವು ಕೈಕೊಟ್ಟರೆ ಹಿಂದಿನ ಊರಿನ ಲಾಭವೆಲ್ಲ ಮುಂದಿನ ಊರಿನಲ್ಲಿ ಕರಗಿಹೋಗುತ್ತಿತ್ತು. ಆದರೂ ಗಳಿಸಿದುದನ್ನು ಗಂಟುಕಟ್ಟಿಡದೆ ಮತ್ತೆ ರಂಗಕ್ಕೇ ಸುರಿಯುವುದು ವೀರಣ್ಣನವರ ಸ್ವಭಾವವಾಗಿತ್ತು.

ಅವರ ಜೀವನದಲ್ಲಿ ಎಲ್ಲಕ್ಕಿಂತಲೂ ವಿಚಾರಾರ್ಹವಾದ ಭಾಗವು ಚಲನಚಿತ್ರದೊಡನೆ ಅವರಿಗಿದ್ದ ಸಂಬಂಧವು. ನಾಟಕದ ಕಂಪನಿಗಳಿಗೆ ಚಲನಚಿತ್ರವು ಶತ್ರುವಾಗಿ ಬರುತ್ತಿದ್ದುದನ್ನು ಅವರು ಬಹು ಮೊದಲೇ ಮನಗಂಡರು. ಶತ್ರುವನ್ನು ಶಪಿಸುತ್ತ ಕುಳಿತುಕೊಳ್ಳದೆ ಆ ವಿದ್ಯೆಯನ್ನೇ ಕೈವಶ ಮಾಡಿಕೊಳ್ಳಲು ಹೊರಟು, ಕರ್ನಾಟಕ ಪಿಕ್ಚರ್ಸ್ ಕಾರ್ಪೊರೇಷನ್ ಎಂಬ ಸಂಸ್ಥೆಯನ್ನು ಸ್ಥಾಪಿಸಿ ಮೂಕಚಿತ್ರಗಳನ್ನು ತಯಾರಿಸಿದರು. 1932ರಲ್ಲಿ ವೈ. ವಿ. ರಾಯರ ನಿರ್ದೇಶನದಲ್ಲಿ ಹರಿಮಾಯಾ ಎಂಬ ಚಿತ್ರವು ಸಿದ್ಧವಾಯಿತು. ಆದರೆ ಅದಕ್ಕೆ ಮುಂಚೆಯೇ, 1931ರಲ್ಲಿ, ಮುಂಬಯಿಯಲ್ಲಿ ಮೊದಲ ವಾಕ್ಚಿತ್ರವು ಹೊರಬಂದಿತ್ತು. ಮಾತನಾಡುವ ಚಿತ್ರವನ್ನು ಕಂಡ ಜನರು ಮೂಕಚಿತ್ರವನ್ನು ಮರೆತರು. ಸಂಸ್ಥೆಯು ನಿಲ್ಲಲಿಲ್ಲ. ಕಂಠವನ್ನೇ ಬಂಡವಾಳವಾಗಿ ಬಾಳಿದ ನಟನೊಬ್ಬನು ಧ್ವನಿಯಿಲ್ಲದ ಚಿತ್ರಕ್ಕೆ ಹಣವನ್ನು ಹೂಡಿ, ಧ್ವನಿಯು ಬಂದುದರಿಂದಲೇ ಆ ಹಣವನ್ನು ಕಳೆದುಕೊಂಡುದು ವಿಧಿಯ ವಿಚಿತ್ರವೆನ್ನಬೇಕು.

ಇದರಿಂದ ಅವರು ಎದೆಗುಂದಲಿಲ್ಲ. 1935ರಲ್ಲಿ ಸದಾರಮೆಯು ವಾಕ್ಚಿತ್ರವಾದಾಗ ಅದರಲ್ಲಿ ನಟಿಸಿದರು. 1941ರಲ್ಲಿ ಸುಭದ್ರಾ, 1942ರಲ್ಲಿ ಜೀವನನಾಟಕ ಎಂಬ ಚಿತ್ರಗಳು ಬಂದುವು. 1946ರಲ್ಲಿ ಹೊರಬಂದ ಹೇಮರೆಡ್ಡಿ ಮಲ್ಲಮ್ಮ ಚಿತ್ರವು ಶಿವಶರಣೆಯ ಪುಣ್ಯಚರಿತ್ರೆಯನ್ನು ಓದುಬರಹವರಿಯದ ತಾಯಂದಿರ ಬಳಿಗೂ ಕೊಂಡೊಯ್ದಿತು. ಹೊನ್ನಪ್ಪ ಭಾಗವತರೂ ಜಯಮ್ಮನವರೂ ಅದರಲ್ಲಿ ಅಭಿನಯಿಸಿದರು. 1953ರಲ್ಲಿ ಗುಣಸಾಗರಿಯೂ, 1954ರಲ್ಲಿ ಬೇಡರ ಕಣ್ಣಪ್ಪನೂ ಎಚ್. ಎಲ್. ಎನ್. ಸಿಂಹರ ನಿರ್ದೇಶನದಲ್ಲಿ ತೆರೆಕಂಡುವು. ಶಿವನಿಗೆ ತನ್ನ ಕಣ್ಣುಗಳನ್ನೇ ಅರ್ಪಿಸಿದ ಕಣ್ಣಪ್ಪನ ಪಾತ್ರದಲ್ಲಿ ಮುತ್ತುರಾಜನೆಂಬ ತರುಣನು ರಾಜಕುಮಾರನೆಂಬ ಹೊಸ ಹೆಸರಿನಿಂದ ನಾಯಕನಟನಾಗಿ ಕಾಣಿಸಿಕೊಂಡುದು ಇದೇ ಚಿತ್ರದಲ್ಲಿ. ಅವನ ತಂದೆ ಸಿಂಗಾನಲ್ಲೂರು ಪುಟ್ಟಸ್ವಾಮಯ್ಯನವರು ಗುಬ್ಬಿ ಕಂಪನಿಯ ಹೆಸರಾಂತ ನಟರು; ಮಗನೂ ಬಾಲ್ಯದಲ್ಲಿ ಅದೇ ಕಂಪನಿಯ ನೆರಳಿನಲ್ಲಿ ಬೆಳೆದವನು. ಹೀಗೆ ಚಲನಚಿತ್ರಕ್ಕೆ ಬೇಕಾದ ನಟರನ್ನು ನಾಟಕವೇ ಸಾಕಿ ಕೊಟ್ಟಿತು. ಆ ಚಲನಚಿತ್ರವೇ ಕ್ರಮೇಣ ನಾಟಕದ ಡೇರೆಗಳನ್ನು ಬರಿದು ಮಾಡಿತು. ಇದನ್ನು ವೀರಣ್ಣನವರು ಅರಿಯದೆ ಇರಲಿಲ್ಲ. ಆದರೂ ಕಲೆಯು ಯಾವ ಪಾತ್ರೆಯಲ್ಲಿದ್ದರೂ ಕಲೆಯೇ ಎಂಬ ನಿಲುವಿನಿಂದ ಒಂದು ಕೈಯಲ್ಲಿ ರಂಗವನ್ನೂ ಮತ್ತೊಂದು ಕೈಯಲ್ಲಿ ತೆರೆಯನ್ನೂ ಹಿಡಿದು ನಡೆದರು.

ತಾವು ಬಾಲನಟರಾಗಿ ಪಟ್ಟ ಪಾಡನ್ನು ಮರೆಯದಿದ್ದುದರಿಂದಲೋ ಏನೋ, ಮನೆಬಿಟ್ಟು ಬಂದ ಹುಡುಗರ ವಿಷಯದಲ್ಲಿ ಅವರ ಕರುಳು ಮಿಡಿಯುತ್ತಿತ್ತು. ಎಂಟು ವರುಷದ ಬಾಲಕನಾಗಿ ಕಂಪನಿಯನ್ನು ಸೇರಿದ ಜಿ. ವಿ. ಅಯ್ಯರವರು ಮುಂದೆ ಸಂಸ್ಕೃತ ಭಾಷೆಯಲ್ಲಿ ಚಲನಚಿತ್ರವನ್ನು ನಿರ್ಮಿಸಿ ಭಾರತದಲ್ಲೆಲ್ಲ ಹೆಸರಾದರು. ದಕ್ಷಿಣ ಕನ್ನಡದ ಮಂಚಿಯಿಂದ ಓಡಿಬಂದ ಬಿ. ವಿ. ಕಾರಂತರೆಂಬ ಬಾಲಕನಿಗೆ ವೀರಣ್ಣನವರು ಕಂಪನಿಯಲ್ಲಿ ಆಶ್ರಯವನ್ನಿತ್ತುದಲ್ಲದೆ, ಮುಂದೆ ಉಚ್ಚ ವ್ಯಾಸಂಗಕ್ಕಾಗಿ ಕಾಶಿಗೂ ಕಳುಹಿದರು. ಆ ಬಾಲಕನೇ ಬೆಳೆದು 1977ರಲ್ಲಿ ದೆಹಲಿಯ ರಾಷ್ಟ್ರೀಯ ನಾಟಕ ಶಾಲೆಗೆ ನಿರ್ದೇಶಕನಾದನು. ಕೈಯಲ್ಲಿರುವ ಹುಡುಗನನ್ನು ದುಡಿಸಿಕೊಳ್ಳುವುದು ಸುಲಭ. ತನ್ನ ಲಾಭವನ್ನು ಬಿಟ್ಟು ಅವನನ್ನು ವಿದ್ಯೆಗೆ ಕಳುಹುವುದು ದೊಡ್ಡ ಮನಸ್ಸಿನವರಿಗೆ ಮಾತ್ರ ಸಾಧ್ಯವು.

ರಾಷ್ಟ್ರವು ಅವರ ಸೇವೆಯನ್ನು ಗುರುತಿಸಿತು. 1955ರಲ್ಲಿ ಸಂಗೀತ ನಾಟಕ ಅಕಾಡೆಮಿಯ ಪ್ರಶಸ್ತಿಯೂ, 1972ರಲ್ಲಿ ಪದ್ಮಶ್ರೀ ಪ್ರಶಸ್ತಿಯೂ ಅವರನ್ನು ಅರಸಿಕೊಂಡು ಬಂದುವು. ಅದೇ 1972ನೆಯ ಅಕ್ಟೋಬರ್ 18ರಂದು, ತಮ್ಮ 81ನೆಯ ವಯಸ್ಸಿನಲ್ಲಿ, ವೀರಣ್ಣನವರು ಲಿಂಗೈಕ್ಯರಾದರು. ಅವರ ಆತ್ಮಕಥೆಗೆ ಕಲೆಯೇ ಕಾಯಕವೆಂಬ ಹೆಸರಿರುವುದು ಎಲ್ಲ ರೀತಿಯಿಂದಲೂ ಉಚಿತವಾಗಿದೆ. ಕರ್ನಾಟಕ ಸರ್ಕಾರವು ರಂಗಸೇವಕರಿಗೆ ಅವರ ಹೆಸರಿನಲ್ಲಿ ಪ್ರಶಸ್ತಿಯನ್ನು ನೀಡುತ್ತಿರುವುದು.

ಅವರು ಹಚ್ಚಿದ ದೀಪವು ಅವರೊಡನೆ ಆರಲಿಲ್ಲ. ಮಗಳು ಮಾಲತಮ್ಮನವರ ಪುತ್ರಿಯಾದ ಬಿ. ಜಯಶ್ರೀಯವರು ಅಜ್ಜನಂತೆಯೇ ಎಳವೆಯಲ್ಲಿ ಕಂಪನಿಯ ರಂಗವನ್ನೇರಿ, ಅನಂತರ ರಾಷ್ಟ್ರೀಯ ನಾಟಕ ಶಾಲೆಯಲ್ಲಿ ಶಿಕ್ಷಣವನ್ನು ಪಡೆದು, ರಂಗಭೂಮಿ, ಚಲನಚಿತ್ರ, ಕಿರುತೆರೆಗಳಲ್ಲಿ ಅಭಿನಯಿಸಿದರು. ಕನ್ನಡ ಚಿತ್ರಗಳ ಅನೇಕ ನಾಯಿಕೆಯರಿಗೆ ತಮ್ಮ ಕಂಠವನ್ನು ಎರವಲಾಗಿತ್ತರು. ತೆರೆಯ ಮೇಲಿನ ಮುಖವು ಒಬ್ಬರದಾದರೆ ಜನರ ಕಿವಿಯನ್ನು ತುಂಬಿದ ಧ್ವನಿಯು ಇವರದಾಗಿತ್ತು. ಕಡೆಯ ಸಾಲಿನವರೆಗೂ ಮುಟ್ಟಬೇಕೆಂದು ಅಜ್ಜನ ಕಂಪನಿಯು ಕಲಿಸಿದ ಕಂಠಸಾಧನೆಯು ಮೂರನೆಯ ತಲೆಮಾರಿನಲ್ಲಿ ಹೀಗೆ ಹೊಸ ಯಂತ್ರಗಳಿಗೂ ಒದಗಿತು. 2010ರಲ್ಲಿ ರಾಜ್ಯಸಭೆಗೆ ನಾಮಕರಣಗೊಂಡ ಅವರಿಗೆ 2013ರಲ್ಲಿ ಪದ್ಮಶ್ರೀಯು ಸಂದಿತು. ಬೆಂಗಳೂರಿನ ದಕ್ಷಿಣ ಭಾಗದಲ್ಲಿ, ಜಯಪ್ರಕಾಶ ನಗರದಲ್ಲಿ, 2004ರಲ್ಲಿ ರಂಗಶಂಕರವೆಂಬ ನಾಟಕಮಂದಿರವು ಆರಂಭವಾಯಿತು. ಅಲ್ಲಿ ಮಕ್ಕಳಿಗಾಗಿಯೇ ನಾಟಕೋತ್ಸವಗಳು ನಡೆಯುವುವು. ಬಣ್ಣ ಹಚ್ಚಿದ ಮಗುವನ್ನು ತಂದೆತಾಯಿಗಳು ಮುಂದಿನ ಸಾಲಿನಲ್ಲಿ ಕುಳಿತು ಹೆಮ್ಮೆಯಿಂದ ನೋಡುವರು. ವೇಷಧಾರಿಯು ಮನೆಗೆ ಬೇಡವಾಗಿದ್ದ ಕಾಲದಿಂದ ಈ ಕಾಲಕ್ಕೆ ನಾಡು ನಡೆದುಬಂದ ದಾರಿಯಲ್ಲಿ ವೀರಣ್ಣನವರ ಹೆಜ್ಜೆಗಳು ಆಳವಾಗಿ ಮೂಡಿರುವುವು.

ಕಾಯಕವು ಯಾವುದೆಂಬುದರಿಂದ ಮನುಷ್ಯನು ದೊಡ್ಡವನಾಗುವುದಿಲ್ಲ. ಅದನ್ನು ಹೇಗೆ ಮಾಡಿದನೆಂಬುದರಿಂದ ದೊಡ್ಡವನಾಗುವನು. ಆರನೆಯ ವಯಸ್ಸಿನಲ್ಲಿ ಹಿಡಿದ ಕೆಲಸವನ್ನು ಲಾಭದಲ್ಲಿಯೂ ನಷ್ಟದಲ್ಲಿಯೂ ಬಿಡದೆ, ದುಡಿದುದನ್ನು ನೂರಾರು ಜನರೊಡನೆ ಹಂಚಿ ಉಂಡು, ಪರರ ಮಕ್ಕಳನ್ನು ತನ್ನವರಂತೆ ಮುಂದಕ್ಕೆ ತಂದ ಈ ಮಹನೀಯರ ಚರಿತ್ರೆಯು ಯಾವ ಕಾಯಕದಲ್ಲಿರುವವರಿಗೂ ಮಾರ್ಗದರ್ಶಕವಾಗಿರುವುದು.